ಸಂಕಟ ಬಂದಾಗ ವೆಂಕಟರಮಣ: ಯುದ್ಧಭೂಮಿಯಲ್ಲಿ ಈ ಮಾತು ಎಷ್ಟು ನಿಜ?

ಸಂಕಟ ಬಂದಾಗ ವೆಂಕಟರಮಣ ಅಂತ ನಾವು ನಗುತ್ತಲೇ ಹೇಳುತ್ತೇವೆ. ಸೈನ್ಯಗಳಲ್ಲೂ ಇಂಥದ್ದೇ ಒಂದು ಮಾತಿದೆ: ಕಂದಕದೊಳಗೆ ನಾಸ್ತಿಕರಿರುವುದಿಲ್ಲ. ಮೊದಲ ಮಹಾಯುದ್ಧದ ಹೊತ್ತಿಗೇ ಇಂಥ ಮಾತು ಓಡಾಡುತ್ತಿತ್ತು. 1942ರಲ್ಲಿ ಫಿಲಿಪ್ಪೀನ್ಸ್‌ನ ಬಟಾನ್‌ನಲ್ಲಿ ಅಮೆರಿಕದ ಪಡೆಗಳು ಜಪಾನೀಯರ ನಡುವೆ ಸಿಕ್ಕಿಹಾಕಿಕೊಂಡಾಗ ಅದು ಪತ್ರಿಕೆಗಳಿಗೆ ಬಂದು ಎಲ್ಲರ ಬಾಯಲ್ಲಿ ನಿಂತಿತು. ಹೇಳಿದ್ದು ಪಾದ್ರಿ ಅಂತ ಕೆಲವರು, ಸೇನಾಧಿಕಾರಿ ಅಂತ ಇನ್ನು ಕೆಲವರು. ಯಾರೇ ಹೇಳಿರಲಿ, ಆಮೇಲೆ ಹೆಚ್ಚಿನವರು ಅದನ್ನು ಪರೀಕ್ಷಿಸುವ ಗೋಜಿಗೇ ಹೋಗದೆ ಸತ್ಯ ಅಂತ ಬಳಸತೊಡಗಿದರು.

ನನ್ನ ಪ್ರಕಾರ ಅದು ಅರ್ಧ ನಿಜ. ಹೆದರಿಕೆ ಪ್ರಾರ್ಥನೆ ಮಾಡಿಸುತ್ತದೆ, ಅದರಲ್ಲಿ ಅನುಮಾನ ಬೇಡ. ಆದರೆ ಹಾಗೆ ಕೈ ಮುಗಿದವನು ಮನೆಗೆ ಮರಳಿದ ಮೇಲೂ ದೇವರನ್ನು ನಂಬುತ್ತಾನಾ? ಆ ಪ್ರಶ್ನೆಗೆ ಉತ್ತರ ಅವನ ಹೆದರಿಕೆಯಲ್ಲಿ ಸಿಗುವುದಿಲ್ಲ. ಅಲ್ಲಿ ಅವನ ಕೈಯಿಂದ ಏನಾಯಿತು, ಕಣ್ಣೆದುರೇ ಏನನ್ನು ತಡೆಯಲು ಆಗಲಿಲ್ಲ, ಅಲ್ಲಿ ಹುಡುಕಬೇಕು.

ಸೈನ್ಯದಲ್ಲಿ ಯಾವಾಗಲೂ ಎರಡು ಬಗೆಯ ಭಕ್ತಿ ಇತ್ತು. ಒಂದು ಮೇಲಿನವರು ಕೊಟ್ಟದ್ದು, ಇನ್ನೊಂದು ಸೈನಿಕ ತಾನೇ ಹುಡುಕಿಕೊಂಡದ್ದು. ರೋಮನ್ ಸೇನೆಯಲ್ಲಿ ಯಾವ ದಿನ ಯಾವ ದೇವರಿಗೆ ಏನು ಬಲಿ ಅಂತ ಸರ್ಕಾರಿ ಪಟ್ಟಿಯೇ ಇತ್ತು. ಆದರೆ ಅದೇ ಸೈನಿಕರು ಪಟ್ಟಿಯಾಚೆಗಿನ ಮಿತ್ರಾಸ್ ಎಂಬ ದೇವರಿಗೆ ಗುಹೆಯಂಥ ಕತ್ತಲ ಗುಡಿಗಳನ್ನು ಕಟ್ಟಿಕೊಂಡರು. ಇಂಗ್ಲೆಂಡಿನ ಉತ್ತರದಲ್ಲಿ ಹೇಡ್ರಿಯನ್ ಗೋಡೆಯ ಪಕ್ಕ ಕ್ಯಾರಬರ ಎಂಬಲ್ಲಿ ಅಂಥದ್ದೊಂದು ಗುಡಿ ಈಗಲೂ ಕಾಣಸಿಗುತ್ತದೆ. ನಾಲ್ಕಾರು ಜನ ಕೂತರೆ ತುಂಬಿತೇನೋ ಅನ್ನಿಸುವಷ್ಟು ಸಣ್ಣದು. ಆಮೇಲೆ 312ರಲ್ಲಿ ರೋಮನ್ ಚಕ್ರವರ್ತಿ ಕಾನ್‌ಸ್ಟಂಟೈನ್ ರೋಮ್ ಹತ್ತಿರದ ಮಿಲ್ವಿಯನ್ ಸೇತುವೆಯ ಬಳಿ ಯುದ್ಧ ಗೆದ್ದ. ಅವನ ಸೈನಿಕರ ಗುರಾಣಿಗಳ ಮೇಲೆ ಕ್ರಿಸ್ತನ ಗುರುತು ಬರೆಸಿದ್ದನಂತೆ. ಅಲ್ಲಿಂದ ಯೂರೋಪಿನಲ್ಲಿ ಗೆಲುವಿನ ಲೆಕ್ಕ ದೇವರ ಖಾತೆಗೆ ಜಮೆಯಾಗುವುದು ರೂಢಿಯಾಯಿತು.

ತೊಂದರೆ ಶುರುವಾಗುವುದು ಎರಡೂ ಕಡೆ ಒಂದೇ ದೇವರು ಇದ್ದಾಗ. ಅಮೆರಿಕದ ಅಂತರ್ಯುದ್ಧದಲ್ಲಿ 1863ರ ಜುಲೈನಲ್ಲಿ ದೊಡ್ಡ ಸೋಲುಗಳಾದ ಮೇಲೆ ದಕ್ಷಿಣದ ಸೈನ್ಯದ ಬಿಡಾರಗಳಲ್ಲಿ ಭಜನೆ, ದೀಕ್ಷೆ, ಪಶ್ಚಾತ್ತಾಪದ ಸಭೆಗಳು ಒಂದೇ ಸಮ ನಡೆದವು. ಗುಲಾಮಗಿರಿಯನ್ನು ಉಳಿಸಿಕೊಳ್ಳಲು ಹೋರಾಡುತ್ತಿದ್ದ ಸೈನ್ಯ ಅದು, ಮರೆಯಬಾರದು. ಆಚೆ ಉತ್ತರದವರೂ ಮೊಣಕಾಲೂರಿದ್ದರು. 1865ರ ಮಾರ್ಚ್‌ನಲ್ಲಿ ಲಿಂಕನ್ ಇದನ್ನೇ ನೇರವಾಗಿ ಹೇಳಿದ: ಇಬ್ಬರೂ ಓದುವುದು ಒಂದೇ ಬೈಬಲ್, ಬೇಡುವುದು ಒಂದೇ ದೇವರನ್ನು, ಇಬ್ಬರ ಪ್ರಾರ್ಥನೆಯೂ ಫಲಿಸುವುದಂತೂ ಸಾಧ್ಯವಿಲ್ಲ. ಯುದ್ಧ ಗೆಲ್ಲುತ್ತಿದ್ದ ಅಧ್ಯಕ್ಷನ ಬಾಯಿಂದ ಇಂಥ ಮಾತು ಬರುವುದು ಅಪರೂಪ, ಅಲ್ವಾ?

ಈ ಕಥೆಯ ತಿರುಳೆಲ್ಲ ಇರುವುದು ಮೊದಲ ಮಹಾಯುದ್ಧದಲ್ಲಿ. ಜರ್ಮನ್ ಸೈನಿಕರ ಬೆಲ್ಟಿನ ಬಕಲ್ ಮೇಲೆ ದೇವರು ನಮ್ಮ ಜೊತೆಗಿದ್ದಾನೆ ಅಂತ ಕೆತ್ತಿತ್ತು. ಫ್ರಾನ್ಸ್‌ನಲ್ಲಿ 30 ಸಾವಿರಕ್ಕೂ ಹೆಚ್ಚು ಪಾದ್ರಿಗಳು, ಮಠದವರು ಸೈನ್ಯ ಸೇರಬೇಕಾಯಿತು. ಎಷ್ಟೋ ಜನ ಸ್ಟ್ರೆಚರ್ ಹೊತ್ತರು, ಕೆಲವರು ಬಂದೂಕನ್ನೇ ಹಿಡಿದರು. 1914ರ ಆಗಸ್ಟ್‌ನಲ್ಲಿ ಬೆಲ್ಜಿಯಂನ ಮಾನ್ಸ್‌ನಲ್ಲಿ ಬ್ರಿಟಿಷರು ಹಿಂದೆ ಸರಿದರು. ಸೆಪ್ಟೆಂಬರ್ 29ಕ್ಕೆ ಲಂಡನ್ನಿನ ಸಂಜೆ ಪತ್ರಿಕೆಯೊಂದು, ಹಳೆಯ ಕಾಲದ ಬಿಲ್ಲುಗಾರರ ಪಡೆ ಪ್ರತ್ಯಕ್ಷವಾಗಿ ಅವರನ್ನು ಕಾಪಾಡಿತು ಅನ್ನುವ ಕಟ್ಟುಕಥೆ ಹಾಕಿತು. ಕೆಲವೇ ತಿಂಗಳಲ್ಲಿ ಬಿಲ್ಲುಗಾರರು ದೇವದೂತರಾಗಿಬಿಟ್ಟರು. ಬರೆದವನೇ ಎದ್ದು ನಿಂತು ಇದು ನಾನು ಕಟ್ಟಿದ ಕಥೆ ಮಾರಾಯ್ರೇ ಅಂದರೂ ಜನ ಕೇಳಲಿಲ್ಲ. ವಾಟ್ಸಾಪ್ ಇಲ್ಲದ ಕಾಲದಲ್ಲೂ ಫಾರ್ವರ್ಡ್‌ಗಳು ಹೀಗೇ ಓಡುತ್ತಿದ್ದವು.

ಫ್ರಾನ್ಸ್‌ನ ಆಲ್ಬರ್ಟ್ ಊರಿನ ಚರ್ಚಿನ ಕಥೆ ಇನ್ನೂ ಸ್ವಾರಸ್ಯ. ಅದರ ಗೋಪುರದ ತುದಿಯಲ್ಲಿ ಮಗುವನ್ನು ಎತ್ತಿ ಹಿಡಿದ ಮೇರಿಯ ಚಿನ್ನದ ಬಣ್ಣದ ವಿಗ್ರಹವಿತ್ತು. 1915ರ ಜನವರಿಯಲ್ಲಿ ಜರ್ಮನ್ ಶೆಲ್ ಬಿದ್ದು ಅದು ವಾಲಿತು. ಬೀಳಲಿಲ್ಲ. ತಲೆ ಕೆಳಗೆ ಮಾಡಿ ಮಗುವನ್ನು ಬೀದಿಯತ್ತ ಚಾಚಿದಂತೆ ನಿಂತುಬಿಟ್ಟಿತು. ಸೋಮ್ ರಣರಂಗಕ್ಕೆ ಹೋಗುವ ಸಾವಿರಾರು ಸೈನಿಕರು ಅದರ ಕೆಳಗೇ ನಡೆದು ಹೋದರು. ವಿಗ್ರಹ ಬಿದ್ದ ದಿನ ಯುದ್ಧ ಮುಗಿಯುತ್ತದೆ ಅನ್ನುವ ನಂಬಿಕೆ ಹುಟ್ಟಿಕೊಂಡಿತು. ಕೊನೆಗೆ 1918ರ ಏಪ್ರಿಲ್‌ನಲ್ಲಿ ಊರು ಜರ್ಮನ್ನರ ಕೈಯಲ್ಲಿದ್ದಾಗ ಬ್ರಿಟಿಷರ ಶೆಲ್ಲಿಗೇ ಅದು ಉರುಳಿತು. ಯುದ್ಧ ಮಾತ್ರ ನವೆಂಬರ್‌ವರೆಗೆ ನಡೆಯಿತು.

ಇಂಥ ನಂಬಿಕೆಗಳನ್ನು ಮೌಢ್ಯ ಅಂತ ತಳ್ಳಿಹಾಕುವುದು ಸುಲಭ. ಆದರೆ ಅದೇ ವರ್ಷಗಳಲ್ಲಿ ಮಾನವಶಾಸ್ತ್ರಜ್ಞ ಮಾಲಿನೋವ್‌ಸ್ಕಿ ಪೆಸಿಫಿಕ್‌ನ ಟ್ರೋಬ್ರಿಯಂಡ್ ದ್ವೀಪಗಳಲ್ಲಿದ್ದ. ಅಲ್ಲಿನವರು ಹಿನ್ನೀರಿನಲ್ಲಿ ಮೀನು ಹಿಡಿಯುವಾಗ ಮಂತ್ರ ಗಿಂತ್ರ ಏನೂ ಹಾಕುತ್ತಿರಲಿಲ್ಲ. ತೆರೆದ ಸಮುದ್ರಕ್ಕೆ ಇಳಿಯುವಾಗ ಮಾತ್ರ ವಿಧಿಗಳು ಶುರು. ಕೈಚಳಕಕ್ಕೆ ಸಿಗದ ಅಪಾಯ ಎಲ್ಲಿದೆಯೋ ಅಲ್ಲಿ ಮಂತ್ರ, ಇದು ಅವನ ವಾದ. ಕಂದಕಕ್ಕೆ ಇದು ಹಾಗೇ ಹೊಂದುತ್ತದೆ. ಶೆಲ್ ಎಲ್ಲಿ ಬೀಳುತ್ತದೆ ಅನ್ನುವುದಕ್ಕೂ ಸೈನಿಕನ ಧೈರ್ಯಕ್ಕೂ ಗುರಿಗೂ ಸಂಬಂಧವೇ ಇಲ್ಲ. ಹಾಗಾಗಿ ಜೇಬಿನಲ್ಲೊಂದು ತಾಯಿತ, ಒಂದು ಪುಟ್ಟ ಬೈಬಲ್, ಒಂದೇ ಕಡ್ಡಿಯಲ್ಲಿ ಮೂರನೆಯವನು ಸಿಗರೇಟು ಹಚ್ಚಬಾರದು ಅನ್ನುವ ಕಟ್ಟಳೆ, ನನ್ನ ಹೆಸರು ಬರೆದ ಗುಂಡು ಬಂದಾಗ ಬರುತ್ತೆ ಅನ್ನುವ ಸಮಾಧಾನ.

ಪಾದ್ರಿಗಳಿಗೆ ಇದು ನುಂಗಲಾರದ ತುತ್ತಾಯಿತು. ಬ್ರಿಟನ್ನಿನ ಚರ್ಚುಗಳ ಒಂದು ಸಮಿತಿ ಪಾದ್ರಿಗಳು, ಅಧಿಕಾರಿಗಳು, ದಾದಿಯರನ್ನೆಲ್ಲ ಕೇಳಿ 1919ರಲ್ಲಿ ವರದಿ ಕೊಟ್ಟಿತು. ಸೈನಿಕರಲ್ಲಿ ಬಹುಪಾಲು ಜನ ಯಾವುದೋ ಒಬ್ಬ ದೇವರನ್ನು ನಂಬುತ್ತಾರೆ, ದಾಳಿಗೆ ಮುಂಚೆ ಪ್ರಾರ್ಥಿಸುತ್ತಾರೆ, ಆದರೆ ಚರ್ಚು ಹೇಳಿಕೊಟ್ಟ ಧರ್ಮ ಅವರಿಗೆ ತಲುಪಿಯೇ ಇಲ್ಲ. ಇದು ವರದಿಯ ಸಾರ.

ಸರ್ಕಾರಗಳಿಗೆ ಇದ್ದ ಚಿಂತೆಯೇ ಬೇರೆ. ಗಾಯಗೊಂಡ ಭಾರತೀಯ ಸೈನಿಕರಿಗೆ 1914ರ ಕೊನೆಯಲ್ಲಿ ಬ್ರಿಟಿಷರು ಇಂಗ್ಲೆಂಡಿನ ಬ್ರೈಟನ್ ಊರಿನ ಅರಮನೆಯನ್ನೇ ಆಸ್ಪತ್ರೆ ಮಾಡಿದರು. ಒಂಬತ್ತು ಅಡುಗೆಮನೆ. ವಾರ್ಡಿನಲ್ಲಿ ಹಿಂದೂಗಳಿಗೊಂದು, ಮುಸ್ಲಿಮರಿಗೊಂದು ನಲ್ಲಿ. ಅಂಗಳದಲ್ಲಿ ಸಿಖ್ಖರಿಗೆ ಡೇರೆಯ ಗುರುದ್ವಾರ. ತೀರಿಕೊಂಡ ಹಿಂದೂ, ಸಿಖ್ ಸೈನಿಕರನ್ನು ಊರಾಚೆಯ ಗುಡ್ಡದ ಮೇಲೆ ದಹನ ಮಾಡಿದರು. ಈ ಕಾಳಜಿಯ ಹಿಂದೆ ಕರುಣೆಯೂ ಇದ್ದೀತು, ಆದರೆ 1857ರಲ್ಲಿ ಕೊಬ್ಬು ಸವರಿದ ತೋಟಾಗಳು ಹಚ್ಚಿದ ಬೆಂಕಿಯ ನೆನಪು ಜಾಸ್ತಿ ಇತ್ತು ಅನ್ನಿಸುತ್ತದೆ. ಜರ್ಮನ್ನರೂ ಕಡಿಮೆಯಿಲ್ಲ. ಸೆರೆಸಿಕ್ಕ ಮುಸ್ಲಿಂ ಸೈನಿಕರನ್ನು ತಮ್ಮತ್ತ ಸೆಳೆಯಲು 1915ರಲ್ಲಿ ಬರ್ಲಿನ್ ಹತ್ತಿರದ ವುನ್ಸ್‌ಡೋರ್ಫ್ ಕ್ಯಾಂಪಿನಲ್ಲಿ ಮರದ ಮಸೀದಿ ಕಟ್ಟಿಸಿಕೊಟ್ಟರು.

ಎರಡನೇ ಮಹಾಯುದ್ಧದ ಹೊತ್ತಿಗೆ ನಂಬಿಕೆ ಒಂದು ಅಕ್ಷರಕ್ಕೆ ಇಳಿಯಿತು. ಅಮೆರಿಕದ ಸೈನಿಕನ ಕೊರಳ ಬಿಲ್ಲೆಯ ಮೇಲೆ ಪ್ರಾಟೆಸ್ಟಂಟರಿಗೆ ಪಿ, ಕ್ಯಾಥೊಲಿಕರಿಗೆ ಸಿ, ಯಹೂದಿಗಳಿಗೆ ಎಚ್ (ಹೀಬ್ರೂ). ಬೌದ್ಧರಿಗೆ, ಮುಸ್ಲಿಮರಿಗೆ ಅಕ್ಷರವೇ ಇರಲಿಲ್ಲ. ನಾಜಿಗಳ ಕೈಗೆ ಸಿಕ್ಕರೆ ಆ ಎಚ್ ಏನು ಮಾಡಿಸಬಹುದು ಅಂತ ಹೆದರಿ ಬಿಲ್ಲೆ ಎಸೆದ ಯಹೂದಿ ಸೈನಿಕರಿದ್ದರು. ರಷ್ಯಾದಲ್ಲಿ ಚರ್ಚುಗಳನ್ನು ಮುಚ್ಚಿಸುತ್ತಿದ್ದ ಸ್ಟಾಲಿನ್ 1943ರ ಸೆಪ್ಟೆಂಬರ್‌ನಲ್ಲಿ ಧರ್ಮಗುರುಗಳನ್ನು ಕ್ರೆಮ್ಲಿನ್‌ಗೆ ಕರೆಸಿ ಮಾತಾಡಿದ. ಸಂಕಟ ಅವನಿಗೂ ಬಂದಿತ್ತಲ್ಲ!

ಸಮಾಜಶಾಸ್ತ್ರಜ್ಞ ಸ್ಯಾಮ್ಯುಯೆಲ್ ಸ್ಟೌಫರ್ ತಂಡ ಆ ಯುದ್ಧದ ಅಮೆರಿಕದ ಸೈನಿಕರನ್ನೇ ನೇರವಾಗಿ ಕೇಳಿತು. 1949ರಲ್ಲಿ ಫಲಿತಾಂಶ ಹೊರಬಂತು. ಗುಂಡಿನ ಚಕಮಕಿ ಬಿರುಸಾದಾಗ ಪ್ರಾರ್ಥನೆಯಿಂದ ತುಂಬಾ ಸಹಾಯವಾಯಿತು ಅಂದವರೇ ಬಹುಪಾಲು. ಹೆಚ್ಚು ಹೆದರಿದವರು ಹೆಚ್ಚು ಆತುಕೊಂಡಿದ್ದರು. ಕಂದಕದ ಗಾದೆಗೆ ಸಿಕ್ಕ ಗಟ್ಟಿ ಆಧಾರ ಅಂದರೆ ಇದೇ. ಆದರೆ ಆ ಗಳಿಗೆಗೆ ನೆರವಾಗುವುದು ಬೇರೆ, ಬಾಳಿಗೆ ಉಳಿಯುವುದು ಬೇರೆ.

ಉಳಿಯುವುದರ ಬಗ್ಗೆ ಗಂಭೀರವಾಗಿ ಕೇಳತೊಡಗಿದ್ದು ವಿಯೆಟ್ನಾಂ ಯುದ್ಧದ ನಂತರ. ಮರಳಿ ಬಂದವರನ್ನು ಕಾಡುತ್ತಿದ್ದದ್ದು ಬರೀ ಹೆದರಿಕೆಯ ನೆನಪಲ್ಲ, ತಾನು ಮಾಡಬಾರದ್ದನ್ನು ಮಾಡಿದೆ ಅನ್ನುವ ಕೊರಗು. 2004ರಲ್ಲಿ ಫಾಂಟಾನಾ ಮತ್ತು ರೋಸೆನ್‌ಹೆಕ್ ಎಂಬ ಸಂಶೋಧಕರು, ಯುದ್ಧದ ಆಘಾತಕ್ಕೆ ಚಿಕಿತ್ಸೆ ಪಡೆಯುತ್ತಿದ್ದ ಅಮೆರಿಕದ ಮಾಜಿ ಸೈನಿಕರ ಮಾಹಿತಿ ಜಾಲಾಡಿದರು. ಇನ್ನೊಬ್ಬರನ್ನು ಕೊಂದದ್ದು, ಸಾವನ್ನು ತಡೆಯಲಾಗದ್ದು, ಇವೆರಡೂ ದೇವರ ಮೇಲಿನ ನಂಬಿಕೆಯನ್ನು ಸಡಿಲಿಸಿದ್ದವು. ನಂಬಿಕೆ ಸಡಿಲವಾದವರು, ಅಪರಾಧಪ್ರಜ್ಞೆಯಲ್ಲಿ ಬೇಯುವವರು ಆಸ್ಪತ್ರೆಗೆ ಹೆಚ್ಚು ಸಲ ಬರುತ್ತಿದ್ದರು. ಪಾದ್ರಿಗಳನ್ನೂ ಇದು ಬಿಟ್ಟಿಲ್ಲ. ಅಣುಬಾಂಬ್ ವಿಮಾನಗಳು ಹಾರಿದ ಟಿನಿಯನ್ ದ್ವೀಪದಲ್ಲಿ ಕ್ಯಾಥೊಲಿಕ್ ಪಾದ್ರಿಯಾಗಿದ್ದ ಜಾರ್ಜ್ ಝಬೆಲ್ಕಾ, ನಾಗರಿಕರ ಮೇಲೆ ಬಾಂಬ್ ಹಾಕುವುದು ತಪ್ಪು ಅಂತ ಆಗ ಬಾಯಿ ಬಿಡಲಿಲ್ಲವಲ್ಲ ಅಂತ ಮುಂದೆ ಬಹಿರಂಗವಾಗಿಯೇ ಪಶ್ಚಾತ್ತಾಪ ಪಟ್ಟ.

ಇದಕ್ಕೆ ತದ್ವಿರುದ್ಧ ಕಾಣುವ ಇನ್ನೊಂದು ಅಧ್ಯಯನ 2019ರದ್ದು. ಸಿಯೆರಾ ಲಿಯೋನ್, ಉಗಾಂಡ, ತಜಿಕಿಸ್ತಾನಗಳಲ್ಲಿ ಯುದ್ಧದ ಏಟು ಹೆಚ್ಚು ತಿಂದವರು ವರ್ಷಗಳ ನಂತರವೂ ಚರ್ಚು, ಮಸೀದಿಗಳ ಕೂಟಗಳಲ್ಲಿ ಹೆಚ್ಚು ತೊಡಗಿದ್ದರು. ಇವೆರಡೂ ಜಗಳವಾಡುತ್ತಿವೆ ಅಂತ ನನಗನ್ನಿಸುವುದಿಲ್ಲ. ಇಲ್ಲಿರುವವರು ಹೆಚ್ಚಾಗಿ ಏಟು ತಿಂದ ಜನಸಾಮಾನ್ಯರು, ಅಲ್ಲಿದ್ದವರು ಬಂದೂಕು ಹಿಡಿದಿದ್ದವರು.

ಇನ್ನು ನಿಜವಾದ ನಾಸ್ತಿಕರು? ಅವರು ಕಂದಕದಲ್ಲಿ ಮೊದಲಿಂದಲೂ ಇದ್ದರು. ನೆದರ್ಲೆಂಡ್ಸ್ ಸೇನೆಯಂತೂ 1964ರಿಂದಲೇ, ಯಾವ ದೇವರನ್ನೂ ನಂಬದ ಸೈನಿಕರಿಗಾಗಿ ಮಾನವತಾವಾದಿ ಸಲಹೆಗಾರರನ್ನು ಪಾದ್ರಿಗಳ ಸಾಲಿನಲ್ಲೇ ಇಟ್ಟುಕೊಂಡಿದೆ. ಅಮೆರಿಕದ ಮಾಜಿ ಸೈನಿಕರ ಕೆಲವು ಆಸ್ಪತ್ರೆಗಳಲ್ಲಿ ಈಗ ಮನಶ್ಶಾಸ್ತ್ರಜ್ಞರು, ಪಾದ್ರಿಗಳು ಒಟ್ಟಿಗೆ ಕೂತು ಈ ಕೊರಗಿನ ಗುಂಪು ಚಿಕಿತ್ಸೆ ನಡೆಸುತ್ತಾರೆ. ಕೊಂದದ್ದರ ಬಗ್ಗೆ ಬಾಯಿಬಿಟ್ಟು ಮಾತಾಡುವುದು ಅಲ್ಲಿನ ಮೊದಲ ಕೆಲಸ, ದೇವರ ವಿಷಯ ಬಂದರೆ ಆಮೇಲೆ.