ಮೊದಲು ಕಿವಿಗೆ ಬಿದ್ದ ಅಂಕಿ

ಇವತ್ತು ಮನಶ್ಶಾಸ್ತ್ರದಲ್ಲಿ ಆಂಕರಿಂಗ್ ಎನ್ನುವ ವಿಷಯ ಒಂದನ್ನೇ ಹಿಡಿದುಕೊಳ್ಳೋಣ. ಗೂಟಕ್ಕೆ ಕಟ್ಟಿದ ಹಸು ಹಗ್ಗ ಇದ್ದಷ್ಟೇ ದೂರ ಮೇಯುತ್ತದೆ, ಅಲ್ವಾ? ಮೊದಲು ಕೇಳಿದ ಅಂಕಿಯ ಸುತ್ತ ನಮ್ಮ ಅಂದಾಜೂ ಹಾಗೇ ಸುತ್ತುತ್ತದೆ.

ಮನಶ್ಶಾಸ್ತ್ರಜ್ಞರಾದ ಟ್ವರ್ಸ್ಕಿ ಮತ್ತು ಕಾನೆಮನ್ 1974ರಲ್ಲಿ ಬರೆದ ಪ್ರಯೋಗ ಇದು. 0ಯಿಂದ 100ರವರೆಗೆ ಅಂಕಿ ಇದ್ದ ಚಕ್ರವನ್ನು ಜನರ ಎದುರಿಗೇ ತಿರುಗಿಸಿದರು. ಆಮೇಲೆ, ವಿಶ್ವಸಂಸ್ಥೆಯಲ್ಲಿ ಆಫ್ರಿಕಾದ ದೇಶಗಳು ಶೇಕಡಾ ಎಷ್ಟಿವೆ ಎಂದು ಕೇಳಿದರು. ಚಕ್ರದಲ್ಲಿ 10 ಕಂಡವರ ಉತ್ತರಗಳ ಮಧ್ಯಾಂಕ, ಅಂದರೆ ಉತ್ತರಗಳನ್ನು ಸಣ್ಣದರಿಂದ ದೊಡ್ಡದಕ್ಕೆ ಜೋಡಿಸಿದಾಗ ನಟ್ಟನಡುವೆ ಬರುವ ಅಂಕಿ, 25. 65 ಕಂಡವರದು 45. ಚಕ್ರಕ್ಕೂ ಆಫ್ರಿಕಾಕ್ಕೂ ಏನು ಸಂಬಂಧ? ಸರಿಯಾಗಿ ಹೇಳಿದರೆ ದುಡ್ಡು ಕೊಡುತ್ತೇವೆ ಎಂದಾಗಲೂ ಈ ಸೆಳೆತ ಕಡಿಮೆ ಆಗಲಿಲ್ಲ. ಈ ಮಾತಿಗೆ ಗೆರೆ ಎಳೆದುಕೊಳ್ಳಿ. ಮನಸ್ಸಿಟ್ಟು ಯೋಚಿಸಿದರೆ ಸಾಕು ಎಂದು ನಾನು ನಂಬಿದ್ದೆ, ಅದು ಇಲ್ಲಿ ಬಿದ್ದುಹೋಯಿತು.

ಅಂಕಿಯನ್ನು ಹೊರಗಿನವರೇ ಕೊಡಬೇಕು ಅಂತಿಲ್ಲ. ಪ್ರೌಢಶಾಲೆಯ ಒಂದು ಗುಂಪಿಗೆ 8×7×6×5×4×3×2×1 ಎಷ್ಟು ಎಂದು 5 ಸೆಕೆಂಡಿನಲ್ಲಿ ಅಂದಾಜು ಮಾಡಲು ಹೇಳಿದರು. ಇನ್ನೊಂದು ಗುಂಪಿಗೆ ಅದೇ ಲೆಕ್ಕ, 1×2×3 ಎಂದು ಶುರು. ಮೊದಲ ಗುಂಪಿನ ಮಧ್ಯಾಂಕ 2,250, ಎರಡನೆಯದು 512. ಶುರುವಿನಲ್ಲಿ ತಾವೇ ಗುಣಿಸಿಕೊಂಡ ಅಂಕಿಯೇ ಅವರಿಗೆ ಗೂಟವಾಯಿತು. ಸರಿಯುತ್ತರ 40,320! ನಮ್ಮ ಮೈಸೂರಿನ ಕುಕ್ಕರಹಳ್ಳಿ ಕೆರೆ ಏರಿಯ ಮೇಲೆ ಸ್ನೇಹಿತರ ಜೊತೆ ನೀವೇ ಮಾಡಿ ನೋಡಿ.

ಯಾಕೆ ಹೀಗೆ? ಆ ಅಂಕಿಯಿಂದ ಹೊರಟು, ಸರಿಸುತ್ತಾ ಹೋಗಿ, ಬೇಗ ನಿಲ್ಲಿಸಿಬಿಡುತ್ತೇವೆ ಎನ್ನುವುದು ಒಂದು ವಿವರಣೆ. ಅಂಕಿ ಕೇಳಿದ ಕೂಡಲೇ ಅದಕ್ಕೆ ಹೊಂದುವ ಕಾರಣಗಳೇ ಮನಸ್ಸಿಗೆ ಬರುತ್ತವೆ ಎನ್ನುವುದು ಇನ್ನೊಂದು. ನನಗೆ ಎರಡನೆಯದೇ ಜಾಸ್ತಿ ಒಪ್ಪಿಗೆ. ಮಂಡ್ಯದಿಂದ ಬಂದು ಸರಸ್ವತೀಪುರಂನಲ್ಲಿ ರೂಮು ಹುಡುಕುವಾಗ ಮನೆಯವರು ಬಾಡಿಗೆ 9,000 ಅಂದರು. ಹೇಳಿದ್ದೇ ತಡ, ಕಿಟಕಿಯ ಗಾಳಿ, ಹೊಸ ನಲ್ಲಿ, ಹತ್ತಿರದ ಬಸ್ ಸ್ಟಾಪ್ ಎಲ್ಲಾ ಕಣ್ಣಿಗೆ ಬಿದ್ದವು. ಗೋಡೆಯ ತೇವ ಕಾಣಲೇ ಇಲ್ಲ. 8,000ಕ್ಕೆ ಒಪ್ಪಿಸಿ ಖುಷಿಪಟ್ಟೆ. ಪಕ್ಕದ ಬೀದಿಯಲ್ಲಿ ಅಷ್ಟೇ ದೊಡ್ಡ ರೂಮು 6,000ಕ್ಕೆ ಇತ್ತು.

ಹಾಗಾಗಿ, ಈ ಬೆಲೆ ಯಾಕೆ ತಪ್ಪಿರಬಹುದು ಎಂದು ಬೇಕಂತಲೇ ಹುಡುಕಬೇಕು. ಇದು ಸೆಳೆತವನ್ನು ತಗ್ಗಿಸುತ್ತದೆ, ಪೂರ್ತಿ ಅಳಿಸುವುದಿಲ್ಲ. ಬೆಲೆ ಕೇಳುವ ಮೊದಲೇ ನಮ್ಮ ಅಂಕಿಯನ್ನು ಚೀಟಿಯಲ್ಲಿ ಬರೆದುಕೊಂಡರೆ ಇನ್ನೂ ಒಳ್ಳೆಯದು. ಈ ಭಾನುವಾರ ಕುವೆಂಪುನಗರದಲ್ಲಿ ಎರಡು ರೂಮು ನೋಡುವುದಿದೆ. 6,500 ಅಂತ ಬರೆದು ಜೇಬಿನಲ್ಲಿ ಇಟ್ಟಿದ್ದೇನೆ.