ಹಾರಿದ ಮೈಲಿಗೆ ಬೆಲೆ ಹೋದದ್ದು ಹೇಗೆ

ಭೂಮಧ್ಯರೇಖೆಯ ಗುಂಟ ಭೂಮಿಗೆ ಒಂದು ಸುತ್ತು ಹಾಕಿದರೆ ಹೆಚ್ಚುಕಡಿಮೆ 24,900 ಮೈಲಿ. ಅಮೆರಿಕದ ದೊಡ್ಡ ವಿಮಾನ ಕಂಪನಿಗಳು ದಶಕಗಳ ಕಾಲ, ಹೆಚ್ಚು ಹಾರುವವರಿಗೆ ವಿಶೇಷ ಸೌಲಭ್ಯ ಕೊಡುವ ತಮ್ಮ ‘ಎಲೀಟ್’ ಏಣಿಯ ಮೊದಲ ಮೆಟ್ಟಿಲನ್ನು 25,000 ಮೈಲಿಗೆ ಇಟ್ಟಿದ್ದವು. ವರ್ಷದೊಳಗೆ ಭೂಮಿಯನ್ನು ಒಂದು ಸಲ ಸುತ್ತಿದಷ್ಟು ಹಾರಿದವರಿಗೆ ಒಂದು ಕಾರ್ಡ್, ಎರಡು ಸುತ್ತಾದರೆ ಅದಕ್ಕಿಂತ ಮೇಲಿನದು, ನಾಲ್ಕು ಸುತ್ತಾದರೆ ಇನ್ನೂ ಮೇಲಿನದು. ಯುನೈಟೆಡ್ ಏರ್‌ಲೈನ್ಸ್‌ನ ‘1ಕೆ’ ದರ್ಜೆಗೆ ಆ ಹೆಸರು ಬಂದದ್ದೇ 1,00,000 ಮೈಲಿಯ ಲೆಕ್ಕದಿಂದ. ಟಿಕೆಟ್‌ಗೆ ಎಷ್ಟು ಕೊಟ್ಟಿರಿ ಎಂದು ಯಾರೂ ಕೇಳುತ್ತಿರಲಿಲ್ಲ. ಸೀಟಿನಲ್ಲಿ ಕೂತು ಎಷ್ಟು ದೂರ ಹೋದಿರಿ ಎಂಬುದಷ್ಟೇ ಮುಖ್ಯವಾಗಿತ್ತು.

ಇವತ್ತು ಡೆಲ್ಟಾ, ಯುನೈಟೆಡ್, ಅಮೆರಿಕನ್ ಈ ಮೂರೂ ಕಂಪನಿಗಳಲ್ಲಿ ಆ ಲೆಕ್ಕ ಇಲ್ಲ. ಬ್ರಿಟಿಷ್ ಏರ್‌ವೇಸ್‌ ತನ್ನ ಲೆಕ್ಕವನ್ನು ಹಣಕ್ಕೆ ಕಟ್ಟಿತು, ನಮ್ಮ ಏರ್ ಇಂಡಿಯಾವೂ ಅದೇ ದಾರಿ ಹಿಡಿಯಿತು. ಈ ಬದಲಾವಣೆ ಹತ್ತು ವರ್ಷದ ಈಚಿನದು ಎಂದು ಕಾಣುತ್ತದೆ. ಆದರೆ ಅದರ ಬೀಜ ಬಿದ್ದದ್ದು ಮೈಲಿ ಲೆಕ್ಕ ಹುಟ್ಟುವುದಕ್ಕೂ ಮೊದಲು, 1978ರಲ್ಲಿ.

ಅಲ್ಲಿಯವರೆಗೆ ಅಮೆರಿಕದಲ್ಲಿ ಯಾವ ಕಂಪನಿ ಯಾವ ಊರಿಗೆ ಹಾರಬೇಕು, ಎಷ್ಟು ದರ ತೆಗೆದುಕೊಳ್ಳಬೇಕು ಎಂಬುದನ್ನು ಸಿವಿಲ್ ಏರೋನಾಟಿಕ್ಸ್ ಬೋರ್ಡ್ ಎಂಬ ಸರ್ಕಾರಿ ಮಂಡಳಿ ತೀರ್ಮಾನಿಸುತ್ತಿತ್ತು. ದರಕ್ಕೆ ದೂರವೇ ಆಧಾರ. ನಮ್ಮ ಕೆಎಸ್‌ಆರ್‌ಟಿಸಿ ಬಸ್ಸಿನ ಸ್ಟೇಜ್ ಲೆಕ್ಕದ ಹಾಗೆ, ದೂರ ಹೆಚ್ಚಿದಷ್ಟು ಟಿಕೆಟ್ ಹೆಚ್ಚು. ದರದಲ್ಲಿ ಪೈಪೋಟಿ ಮಾಡುವಂತಿರಲಿಲ್ಲವಾದ್ದರಿಂದ ಕಂಪನಿಗಳು ಊಟ, ಪಾನೀಯ, ಸೀಟಿನ ಅಗಲದಲ್ಲಿ ಪೈಪೋಟಿ ಮಾಡುತ್ತಿದ್ದವು. 1978ರ ಅಕ್ಟೋಬರ್ 24ರಂದು ಅಧ್ಯಕ್ಷ ಜಿಮ್ಮಿ ಕಾರ್ಟರ್ ವಿಮಾನಯಾನವನ್ನು ನಿಯಂತ್ರಣದಿಂದ ಬಿಡುಗಡೆ ಮಾಡುವ ಕಾಯ್ದೆಗೆ ಸಹಿ ಹಾಕಿದರು. ಹೊಸ ಕಂಪನಿಗಳು ಅಗ್ಗದ ದರ ಹಿಡಿದು ಬಂದವು. ಒಂದೇ ವಿಮಾನದಲ್ಲಿ ಅಕ್ಕಪಕ್ಕ ಕೂತ ಇಬ್ಬರು ಬೇರೆಬೇರೆ ದರ ಕೊಟ್ಟಿರುವುದು ಮಾಮೂಲಾಯಿತು.

ಗಿರಾಕಿ ಕೈತಪ್ಪುವ ಭಯ ಶುರುವಾದದ್ದು ಆಗ. ಅಮೆರಿಕನ್ ಏರ್‌ಲೈನ್ಸ್‌ನ ಅಧ್ಯಕ್ಷ ರಾಬರ್ಟ್ ಕ್ರ್ಯಾಂಡಲ್ ಅವರ ಬಳಿ ಬಲವಾದ ಒಂದು ಅಸ್ತ್ರವಿತ್ತು: ಸೇಬರ್ ಎಂಬ ಕಂಪ್ಯೂಟರ್ ಬುಕಿಂಗ್ ವ್ಯವಸ್ಥೆ. ಅದರಲ್ಲಿ ಒಂದೇ ಫೋನ್ ನಂಬರ್ ಮತ್ತೆ ಮತ್ತೆ ಎಲ್ಲೆಲ್ಲಿ ಕಾಣಿಸುತ್ತದೆ ಎಂದು ಹುಡುಕಿ, ಪದೇಪದೇ ಹಾರುವವರು ಯಾರೆಂದು ಪತ್ತೆ ಮಾಡಿದರು. 1981ರ ಮೇ 1ರಂದು, ಹಾರಿದ ಮೈಲಿಗಳನ್ನು ಕೂಡಿಟ್ಟು ಉಚಿತ ಟಿಕೆಟ್ ಪಡೆಯುವ ‘ಎಅಡ್ವಾಂಟೇಜ್’ ಯೋಜನೆ ಶುರುವಾಯಿತು. ಟೆಕ್ಸಸ್ ಇಂಟರ್‌ನ್ಯಾಷನಲ್ ಎಂಬ ಸಣ್ಣ ಕಂಪನಿ 1979ರಲ್ಲೇ ಇಂಥದ್ದನ್ನು ಮಾಡಿತ್ತು, ಆದರೆ ದೇಶದ ಉದ್ದಗಲಕ್ಕೆ ಹಬ್ಬಿಸಿದ್ದು ಅಮೆರಿಕನ್. ಯುನೈಟೆಡ್ ಒಂದೇ ವಾರದಲ್ಲಿ ತನ್ನ ‘ಮೈಲೇಜ್ ಪ್ಲಸ್’ ತಂದಿತು. ಡೆಲ್ಟಾ, ಟಿಡಬ್ಲ್ಯುಎ ಕೂಡ ಅದೇ ವರ್ಷ ಹಿಂಬಾಲಿಸಿದವು.

ನನಗೆ ಇಲ್ಲಿ ಎದ್ದು ಕಾಣುವ ಸಂಗತಿ ಒಂದಿದೆ. ಮೈಲಿಗೂ ಬೆಲೆಗೂ ಇದ್ದ ನಂಟನ್ನು 1978ರ ಕಾಯ್ದೆ ಕಡಿದು ಹಾಕಿತ್ತು. ಮೂರು ವರ್ಷದ ನಂತರ ಹುಟ್ಟಿದ ಯೋಜನೆ, ಆ ನಂಟು ಇನ್ನೂ ಇದೆ ಎಂಬಂತೆ ಮೈಲಿಯನ್ನೇ ಅಳತೆಗೋಲು ಮಾಡಿಕೊಂಡಿತು. ಅಂದಿನ ಸೀಮಿತ ತಂತ್ರಜ್ಞಾನದಲ್ಲಿ ಅದೇ ಸುಲಭ. ಊರಿಂದ ಊರಿಗೆ ಎಷ್ಟು ಮೈಲಿ ಎಂಬ ಪಟ್ಟಿ ಸಿದ್ಧವಿತ್ತು. ಈ ಸಣ್ಣ ಹೊಂದಿಕೆಯ ಮೇಲೆ ಮೂವತ್ತು ವರ್ಷಗಳ ಒಂದು ಲೋಕವೇ ಬೆಳೆಯಿತು.

ಮೊದಮೊದಲು ಮೈಲಿ ಒಂದೇ ಬಗೆಯದಾಗಿತ್ತು. 1980ರ ದಶಕದಲ್ಲಿ ಅದು ಕವಲೊಡೆಯಿತು. 1987ರಲ್ಲಿ ಅಮೆರಿಕನ್ ಏರ್‌ಲೈನ್ಸ್, ಸಿಟಿಬ್ಯಾಂಕ್ ಜೊತೆ ಸೇರಿ ಕ್ರೆಡಿಟ್ ಕಾರ್ಡ್ ತಂದಿತು. ಒಂದು ಡಾಲರ್ ಖರ್ಚಿಗೆ ಒಂದು ಮೈಲಿ. ಹೋಟೆಲ್, ಬಾಡಿಗೆ ಕಾರು, ದಿನಸಿ ಅಂಗಡಿ ಎಲ್ಲ ಕಡೆ ಮೈಲಿ ಸಿಗತೊಡಗಿತು. 1999ರಲ್ಲಿ ಕ್ಯಾಲಿಫೋರ್ನಿಯಾದ ಎಂಜಿನಿಯರ್ ಒಬ್ಬರು ಒಂದು ಆಹಾರ ಕಂಪನಿಯ ಕೊಡುಗೆಯನ್ನು ಸರಿಯಾಗಿ ಓದಿ, ಸುಮಾರು 3,000 ಡಾಲರ್ ಕೊಟ್ಟು 12,000ಕ್ಕೂ ಹೆಚ್ಚು ಪುಡಿಂಗ್ ಡಬ್ಬಿ ಕೊಂಡರು. ಲೇಬಲ್ ಕತ್ತರಿಸಿ ಕಳಿಸಿದ್ದಕ್ಕೆ 12 ಲಕ್ಷಕ್ಕೂ ಹೆಚ್ಚು ಮೈಲಿ ಬಂತು. ಪುಡಿಂಗ್ ತಿಂದವರಿಗೂ ವಾರಕ್ಕೊಮ್ಮೆ ಹಾರುವವರಿಗೂ ವ್ಯತ್ಯಾಸ ಬೇಕಲ್ಲವೇ? ಅದಕ್ಕೇ ಎರಡು ಖಾತೆ. ಒಂದು, ಉಚಿತ ಟಿಕೆಟ್‌ಗೆ ಖರ್ಚು ಮಾಡುವ ಮೈಲಿ. ಎಲ್ಲಿಂದ ಬಂದರೂ ಸರಿ. ಇನ್ನೊಂದು, ದರ್ಜೆಗೆ ಅರ್ಹತೆ ಕೊಡುವ ಮೈಲಿ. ಬಹುಮಟ್ಟಿಗೆ ವಿಮಾನದ ಸೀಟಿನಲ್ಲಿ ಕೂತರೆ ಮಾತ್ರ ಬರುವಂಥದ್ದು. ಇದನ್ನು ಖರ್ಚು ಮಾಡಲಾಗದು, ಬೇರೆಯವರಿಗೆ ಕೊಡಲಾಗದು. ಹೊಸ ವರ್ಷ ಬಂದರೆ ಎಣಿಕೆ ಮತ್ತೆ ಸೊನ್ನೆಯಿಂದ.

ಇದರಿಂದ ಏನು ಸಿಗುತ್ತಿತ್ತು ಎಂಬುದನ್ನು ಬೆಂಗಳೂರಿನಿಂದಲೇ ನೋಡೋಣ. 1997ರ ಮೇ ತಿಂಗಳಲ್ಲಿ ಯುನೈಟೆಡ್, ಲುಫ್ಥಾನ್ಸಾ, ಏರ್ ಕೆನಡಾ, ಎಸ್‌ಎಎಸ್, ಥಾಯ್ ಸೇರಿ ಸ್ಟಾರ್ ಅಲಯನ್ಸ್ ಎಂಬ ಒಕ್ಕೂಟ ಕಟ್ಟಿದವು. ಒಂದು ಕಂಪನಿಯ ವಿಮಾನದಲ್ಲಿ ಹಾರಿ ಇನ್ನೊಂದರ ಖಾತೆಗೆ ಮೈಲಿ ಹಾಕಿಸಬಹುದಾಯಿತು. ಬೆಂಗಳೂರಿನಿಂದ ಫ್ರಾಂಕ್‌ಫರ್ಟ್‌ಗೆ ಸುಮಾರು 4,600 ಮೈಲಿ, ಅಲ್ಲಿಂದ ಸ್ಯಾನ್ ಫ್ರಾನ್ಸಿಸ್ಕೊಗೆ 5,700. ಹೋಗಿ ಬಂದರೆ 20,600. ಆನ್‌ಸೈಟ್ ಕೆಲಸಕ್ಕೆಂದು ವರ್ಷಕ್ಕೆ ಐದು ಸಲ ಹೋಗಿಬರುವ ಐಟಿ ಉದ್ಯೋಗಿಗೆ, ಪೂರ್ತಿ ಮೈಲಿ ಕೊಡುವ ಟಿಕೆಟ್ ಆಗಿದ್ದರೆ, 1,03,000 ಮೈಲಿ. ಎಕಾನಮಿಯ ಹಿಂದಿನ ಸಾಲಿನಲ್ಲಿ ಮೊಣಕಾಲು ಮಡಚಿ ಕೂತೇ 1ಕೆ.

ಮೂರು ಸಲ ಹೋಗಿ ಬಂದರೆ 50,000 ದಾಟಿ ಆ ಒಕ್ಕೂಟದ ‘ಸ್ಟಾರ್ ಗೋಲ್ಡ್’ ದರ್ಜೆ. ಆಗ ಚೆಕ್-ಇನ್ ಕೌಂಟರ್‌ನಲ್ಲಿ ಕ್ಯೂ ಬೇರೆ. ಪೆಟ್ಟಿಗೆಗಳನ್ನು ಎಣಿಸುವ ಮಾರ್ಗಗಳಲ್ಲಿ ಒಂದು ಪೆಟ್ಟಿಗೆ ಹೆಚ್ಚು, ತೂಕ ನೋಡುವ ಮಾರ್ಗಗಳಲ್ಲಿ 20 ಕೆ.ಜಿ. ಹೆಚ್ಚು. ಬ್ಯಾಗಿಗೆ ‘ಪ್ರಯಾರಿಟಿ’ ಚೀಟಿ. ಫ್ರಾಂಕ್‌ಫರ್ಟ್‌ನಲ್ಲಿ ನಡುರಾತ್ರಿಯ ವಿಮಾನದಿಂದ ಇಳಿದು ಮುಂದಿನದಕ್ಕೆ ಕಾಯುವಾಗ ಲೌಂಜಿನಲ್ಲಿ ಬಿಸಿನೀರಿನ ಸ್ನಾನ, ಕಾಲು ಚಾಚಲು ಒಂದು ಕುರ್ಚಿ. ಅಮ್ಮ ಕಟ್ಟಿಕೊಟ್ಟ ಚಟ್ನಿಪುಡಿ, ಹಪ್ಪಳ, ಹುರಿಹಿಟ್ಟಿನ ಪೊಟ್ಟಣಗಳನ್ನು ಕೌಂಟರ್ ಮುಂದೆ ನೆಲದ ಮೇಲೆ ಹರಡಿಕೊಂಡು ತೂಕ ಸರಿದೂಗಿಸುವ ಗಡಿಬಿಡಿ ಇಲ್ಲ. ಹಾರಾಟವೇ ಜೀವನವಾದವರಿಗೆ ಇದು ಆಡಂಬರ ಅನ್ನಿಸುವುದಿಲ್ಲ. ಮೈ ತೆತ್ತ ದಣಿವಿಗೆ ಸಿಕ್ಕ ಪರಿಹಾರ ಅನ್ನಿಸುತ್ತದೆ.

ಟಿಕೆಟ್ ಕೊಂಡದ್ದು ಹೆಚ್ಚಾಗಿ ಉದ್ಯೋಗ ಕೊಟ್ಟ ಕಂಪನಿ. ಫಲ ಪಡೆದದ್ದು ಉದ್ಯೋಗಿ. ಇಡೀ ಯೋಜನೆಯ ಜಾಣ್ಮೆ ಇದ್ದದ್ದೇ ಇಲ್ಲಿ. ದುಡ್ಡು ತನ್ನದಲ್ಲದಿದ್ದಾಗ ಅಗ್ಗದ ಟಿಕೆಟ್ ಬಿಟ್ಟು ತನ್ನ ಕಾರ್ಡಿನ ಕಂಪನಿಯನ್ನೇ ಆರಿಸುವುದು ಮನುಷ್ಯಸಹಜ. ಅಮೆರಿಕದ ತೆರಿಗೆ ಇಲಾಖೆ 2002ರಲ್ಲಿ, ಕಚೇರಿ ಪ್ರಯಾಣದಲ್ಲಿ ಬಂದ ಮೈಲಿಯನ್ನು ಸ್ವಂತಕ್ಕೆ ಬಳಸಿದರೂ ತೆರಿಗೆಗಾಗಿ ಬೆನ್ನುಹತ್ತುವುದಿಲ್ಲ ಎಂದು ಪ್ರಕಟಿಸಿತು. ಅದೇ ವರ್ಷದ ಜುಲೈನಲ್ಲಿ ಜರ್ಮನಿಯಲ್ಲಿ ಇದೇ ವಿಷಯ ರಾಜಕೀಯ ಹಗರಣವಾಯಿತು. ಸರ್ಕಾರಿ ಪ್ರಯಾಣದ ಮೈಲಿಯನ್ನು ಖಾಸಗಿಯಾಗಿ ಬಳಸಿದ್ದಕ್ಕೆ ಬರ್ಲಿನ್ ರಾಜ್ಯದ ಸಚಿವ ಗ್ರೆಗೋರ್ ಗೀಸಿ ರಾಜೀನಾಮೆ ಕೊಟ್ಟರು, ಗ್ರೀನ್ ಪಕ್ಷದ ಚೆಮ್ ಓಜ್ದೆಮಿರ್ ಹುದ್ದೆ ಬಿಟ್ಟರು.

ಮೈಲಿಗೂ ಬೆಲೆಗೂ ನಂಟಿಲ್ಲದ ಮೇಲೆ ಆ ಬಿರುಕನ್ನು ಬಳಸಿಕೊಳ್ಳುವವರು ಹುಟ್ಟದೆ ಇರುತ್ತಾರೆಯೇ? ‘ಮೈಲೇಜ್ ರನ್’ ಎಂಬ ಪದ್ಧತಿ ಬೆಳೆಯಿತು. ಡಿಸೆಂಬರ್‌ನಲ್ಲಿ ಒಂದಿಷ್ಟು ಸಾವಿರ ಮೈಲಿ ಕಡಿಮೆ ಬಿದ್ದಿದ್ದರೆ, ಅಗ್ಗದ ದೂರದ ಟಿಕೆಟ್ ಹುಡುಕಿ ಹೋಗುವುದು. ಇಳಿದ ಊರನ್ನು ನೋಡದೆ ಅದೇ ವಿಮಾನದಲ್ಲಿ ಹಿಂತಿರುಗುವುದು. ಮೈಲಿಗೆ ಎಷ್ಟು ಸೆಂಟ್ ಬಿತ್ತು ಎಂಬುದೇ ಅವರ ಭಾಷೆ. ಅವರ ಲೆಕ್ಕಾಚಾರದ ಚುರುಕು ನನಗೂ ಮೆಚ್ಚುಗೆಯೇ. ಆದರೆ ಎಲ್ಲಿಗೂ ಹೋಗಬೇಕಿಲ್ಲದವರು ಇಂಧನ ಸುಟ್ಟುಕೊಂಡು ಹಾರುವುದನ್ನು ಸಮರ್ಥಿಸುವುದು ಕಷ್ಟ. 2019ರಲ್ಲಿ ಬ್ರಿಟನ್ನಿನ ಹವಾಮಾನ ಬದಲಾವಣೆ ಸಮಿತಿಗೆ ಸಲ್ಲಿಸಿದ ಒಂದು ವರದಿ ಇಂಥ ಯೋಜನೆಗಳನ್ನೇ ನಿಷೇಧಿಸಬೇಕೆಂದು ಸಲಹೆ ಮಾಡಿತು.

ಪ್ರಯಾಣಿಕ ಗಳಿಸಿದ ದರ್ಜೆ ನಿಜಕ್ಕೂ ಯಾರ ಸ್ವತ್ತು? ಅಮೆರಿಕದ ಸುಪ್ರೀಂ ಕೋರ್ಟಿಗೆ ಈ ಪ್ರಶ್ನೆ ಬೇರೆ ಬೇರೆ ರೂಪದಲ್ಲಿ ಎರಡು ಸಲ ಹೋಯಿತು. ಅಮೆರಿಕನ್ ಏರ್‌ಲೈನ್ಸ್ 1988ರಲ್ಲಿ, ಜನ ಆಗಲೇ ಕೂಡಿಟ್ಟಿದ್ದ ಮೈಲಿಗೂ ಅನ್ವಯವಾಗುವಂತೆ ಹೊಸ ನಿರ್ಬಂಧ ಹಾಕಿತ್ತು. 1995ರ ತೀರ್ಪು ಹೇಳಿದ್ದು: ರಾಜ್ಯಗಳ ಗ್ರಾಹಕ ಕಾನೂನು ಇಲ್ಲಿ ನಡೆಯದು, ಒಪ್ಪಂದ ಮುರಿದರೆಂದು ಮಾತ್ರ ದಾವೆ ಹೂಡಬಹುದು. ಎರಡನೆಯದು ನಾರ್ತ್‌ವೆಸ್ಟ್ ಕಂಪನಿಯ ಪ್ಲಾಟಿನಂ ಕಾರ್ಡ್ ಹೊಂದಿದ್ದ, ಮಿನೆಸೊಟಾದ ಒಬ್ಬ ಯಹೂದಿ ಧರ್ಮಗುರುವಿನದು. ಏಳು ತಿಂಗಳಲ್ಲಿ 24 ದೂರು ಕೊಟ್ಟಿದ್ದೀರಿ, ಅದರಲ್ಲಿ ಒಂಬತ್ತು ಬ್ಯಾಗ್ ತಡವಾಗಿ ಬಂದ ಬಗ್ಗೆ ಎಂದು ಕಂಪನಿ 2008ರಲ್ಲಿ ಅವರ ಸದಸ್ಯತ್ವವನ್ನೇ ಕಿತ್ತುಹಾಕಿತು. 2014ರ ಏಪ್ರಿಲ್‌ನಲ್ಲಿ ಕೋರ್ಟ್ ಸರ್ವಾನುಮತದಿಂದ ಕಂಪನಿಯ ಪರ ನಿಂತಿತು. ಸದ್ಭಾವನೆಯಿಂದ ನಡೆದುಕೊಳ್ಳಬೇಕೆಂಬ ವಾದವನ್ನು ತಳ್ಳಿಹಾಕಲು ಕೋರ್ಟ್ ಆಧರಿಸಿದ್ದು ಅದೇ 1978ರ ಕಾಯ್ದೆಯನ್ನು. ಗ್ರಾಹಕನಿಗೆ ಪೈಪೋಟಿಯ ಲಾಭ ಕೊಡಲು ಬಂದ ಕಾನೂನು ಅವನ ದೂರಿಗೇ ಅಡ್ಡ ನಿಂತದ್ದು ನನಗೆ ಈಗಲೂ ಅನ್ಯಾಯವಾಗಿ ಕಾಣುತ್ತದೆ.

ಅಷ್ಟರಲ್ಲಿ ಮಾರುಕಟ್ಟೆಯೇ ಬದಲಾಗಿತ್ತು. ಡೆಲ್ಟಾ 2008ರಲ್ಲಿ ನಾರ್ತ್‌ವೆಸ್ಟ್‌ ಅನ್ನು, ಯುನೈಟೆಡ್ 2010ರಲ್ಲಿ ಕಾಂಟಿನೆಂಟಲ್ ಅನ್ನು ಸೇರಿಸಿಕೊಂಡವು. 2013ರಲ್ಲಿ ಅಮೆರಿಕನ್ ಮತ್ತು ಯುಎಸ್ ಏರ್‌ವೇಸ್ ಒಂದಾದವು. ಪೈಪೋಟಿ ಕಡಿಮೆಯಾಗಿ ವಿಮಾನಗಳು ತುಂಬಿದವು. ಹಿಂದೆ ಖಾಲಿ ಇರುತ್ತಿದ್ದ ಮುಂದಿನ ಸಾಲಿನ ಸೀಟುಗಳನ್ನು ಕಾರ್ಡ್ ಇದ್ದವರಿಗೆ ಪುಕ್ಕಟೆ ಕೊಡುವ ಬದಲು ದುಡ್ಡಿಗೇ ಮಾರಬಹುದೆಂದು ಕಂಪನಿಗಳಿಗೆ ಗೊತ್ತಾಯಿತು.

2014ರಿಂದ ಡೆಲ್ಟಾ ಮೈಲಿಯ ಜೊತೆಗೆ ಖರ್ಚಿನ ಷರತ್ತನ್ನೂ ಸೇರಿಸಿತು. ಅಂಕಿಗಳನ್ನು ಸಾಲಾಗಿ ಇಟ್ಟು ನೋಡಿ: 25,000 ಮೈಲಿಗೆ 2,500 ಡಾಲರ್, 50,000ಕ್ಕೆ 5,000, 75,000ಕ್ಕೆ 7,500, 1,25,000ಕ್ಕೆ 12,500. ಅಂದರೆ ಮೈಲಿಗೆ ಸರಿಯಾಗಿ ಹತ್ತು ಸೆಂಟ್. ಮೈಲೇಜ್ ರನ್ ಮಾಡುವವರ ಭಾಷೆಯಲ್ಲೇ ಕಂಪನಿ ಉತ್ತರ ಕೊಟ್ಟಿತ್ತು. ಆದರೆ ಕಂಪನಿಯ ಕ್ರೆಡಿಟ್ ಕಾರ್ಡಿನಲ್ಲಿ ವರ್ಷಕ್ಕೆ 25,000 ಡಾಲರ್ ಉಜ್ಜಿದ ಅಮೆರಿಕನ್ನರಿಗೆ ಈ ಷರತ್ತಿನಿಂದ ವಿನಾಯಿತಿ. ಮುಂದೆ ಏನು ಬರಲಿದೆ ಎಂಬುದರ ಸುಳಿವು ಆ ವಿನಾಯಿತಿಯಲ್ಲಿತ್ತು. ಯುನೈಟೆಡ್ ಅದೇ ವರ್ಷ, ಅಮೆರಿಕನ್ 2017ರಲ್ಲಿ ಇದೇ ದಾರಿ ಹಿಡಿದವು. 2020ರಲ್ಲಿ ಯುನೈಟೆಡ್ ಮೈಲಿಯನ್ನು ಪೂರ್ತಿ ಕೈಬಿಟ್ಟಿತು.

ಕೋವಿಡ್ ಬಂದಾಗ ಗುಟ್ಟು ಬಯಲಾಯಿತು. ವಿಮಾನಗಳು ನಿಂತಿದ್ದ ಕಾಲದಲ್ಲಿ ಸಾಲ ಬೇಕಾದಾಗ ಕಂಪನಿಗಳು ಅಡವಿಟ್ಟದ್ದು ಈ ಯೋಜನೆಗಳನ್ನು. ಯುನೈಟೆಡ್ 680 ಕೋಟಿ ಡಾಲರ್, ಡೆಲ್ಟಾ 900 ಕೋಟಿ, ಅಮೆರಿಕನ್ 2021ರಲ್ಲಿ 1,000 ಕೋಟಿ ಎತ್ತಿದವು. ಯುನೈಟೆಡ್‌ನ ಯೋಜನೆಗೆ ಕಟ್ಟಿದ ಬೆಲೆ ಸುಮಾರು 2,200 ಕೋಟಿ ಡಾಲರ್. ಆಗ ಷೇರುಪೇಟೆಯಲ್ಲಿ ಇಡೀ ಕಂಪನಿಗೆ ಅಷ್ಟು ಬೆಲೆ ಇರಲಿಲ್ಲ. ಕಾರ್ಡುದಾರರಿಗೆ ಹಂಚಲೆಂದು ಬ್ಯಾಂಕುಗಳಿಗೆ ಸಗಟಾಗಿ ಮೈಲಿ ಮಾರುವುದೇ ದೊಡ್ಡ ಆದಾಯವಾಗಿತ್ತು. 2024ರಲ್ಲಿ ಡೆಲ್ಟಾಗೆ ಕಾರ್ಡ್ ಕಂಪನಿ ಅಮೆರಿಕನ್ ಎಕ್ಸ್‌ಪ್ರೆಸ್‌ನಿಂದ ಬಂದದ್ದು 740 ಕೋಟಿ ಡಾಲರ್. ಅಮೆರಿಕನ್ ಏರ್‌ಲೈನ್ಸ್ 2022ರ ಮಾರ್ಚ್‌ನಿಂದ ತಂದ ‘ಲಾಯಲ್ಟಿ ಪಾಯಿಂಟ್ಸ್’ ಲೆಕ್ಕದಲ್ಲಿ, ಕಾರ್ಡಿನಲ್ಲಿ ಖರ್ಚು ಮಾಡಿಯೇ, ಒಂದು ಸಲವೂ ವಿಮಾನ ಹತ್ತದೆ, ಎಲೀಟ್ ಆಗಬಹುದು.

2023ರ ಸೆಪ್ಟೆಂಬರ್‌ನಲ್ಲಿ ಡೆಲ್ಟಾ ತಾನೂ ಮೈಲಿ ಲೆಕ್ಕ ನಿಲ್ಲಿಸುವುದಾಗಿಯೂ ಡೈಮಂಡ್ ದರ್ಜೆಗೆ 35,000 ಡಾಲರ್ ಖರ್ಚು ಬೇಕೆಂದೂ ಪ್ರಕಟಿಸಿದಾಗ ಗ್ರಾಹಕರು ರೊಚ್ಚಿಗೆದ್ದರು. ಕಂಪನಿಯ ಮುಖ್ಯಸ್ಥ ಎಡ್ ಬಾಸ್ಟಿಯನ್ ಅಟ್ಲಾಂಟಾದ ರೋಟರಿ ಕ್ಲಬ್ಬಿನಲ್ಲಿ, ನಾವು ಅತಿ ಮಾಡಿದೆವೇನೋ ಎಂಬ ಅರ್ಥದಲ್ಲಿ ಮಾತಾಡಿದರು. ಅಕ್ಟೋಬರ್‌ನಲ್ಲಿ ಅದು 28,000ಕ್ಕೆ ಇಳಿಯಿತು. ಮೈಲಿ ಮಾತ್ರ ಮರಳಲಿಲ್ಲ.

ನಮ್ಮಲ್ಲಿ ಪ್ರಯಾಣಿಕರು ಬೇರೆಯದೇ ಪಾಠ ಕಲಿತಿದ್ದರು. ಬೆಂಗಳೂರಿನ ಯುಬಿ ಗ್ರೂಪಿನ ಕಿಂಗ್‌ಫಿಷರ್ ಏರ್‌ಲೈನ್ಸ್ 2012ರ ಅಕ್ಟೋಬರ್‌ನಲ್ಲಿ ನಿಂತಾಗ ‘ಕಿಂಗ್ ಕ್ಲಬ್’ ಮೈಲಿ, ದರ್ಜೆ ಎರಡೂ ನೀರಿನಲ್ಲಿ ಹೋದವು. 2019ರ ಏಪ್ರಿಲ್‌ನಲ್ಲಿ ಜೆಟ್ ಏರ್‌ವೇಸ್ ನಿಂತಾಗ ಪಾಯಿಂಟ್‌ಗಳು ಹೆಸರು ಬದಲಿಸಿಕೊಂಡು ‘ಇಂಟರ್‌ಮೈಲ್ಸ್’ ಆಗಿ ಉಳಿದವು, ಆದರೆ ಹಾರಲು ವಿಮಾನವೇ ಇಲ್ಲದ ಮೇಲೆ ಪ್ಲಾಟಿನಂ ಕಾರ್ಡಿಗೆ ಅರ್ಥ ಉಳಿಯಲಿಲ್ಲ. ಏರ್ ಇಂಡಿಯಾ 2014ರ ಜುಲೈನಲ್ಲಿ ಸ್ಟಾರ್ ಅಲಯನ್ಸ್ ಸೇರಿತು. 2024ರ ಏಪ್ರಿಲ್‌ನಲ್ಲಿ ತನ್ನ ಯೋಜನೆಯನ್ನು ಖರ್ಚಿನ ಲೆಕ್ಕಕ್ಕೆ ತಂದಿತು. 2025ರ ಏಪ್ರಿಲ್‌ನಿಂದ ಬ್ರಿಟಿಷ್ ಏರ್‌ವೇಸ್‌ನಲ್ಲಿ ಗೋಲ್ಡ್‌ಗೆ ಬೇಕಾದ ಪಾಯಿಂಟ್ 20,000. ಒಂದು ಪೌಂಡಿಗೆ ಒಂದು.

ಹಳೆಯ ಅಳತೆ ಪೂರ್ತಿ ಅಳಿದಿಲ್ಲ. ಸಿಂಗಪುರ ಏರ್‌ಲೈನ್ಸ್ ಈಗಲೂ 25,000 ಮತ್ತು 50,000 ಎಲೀಟ್ ಮೈಲಿಯ ಮೆಟ್ಟಿಲನ್ನೇ ಇಟ್ಟುಕೊಂಡಿದೆ. ಯುನೈಟೆಡ್‌ನಲ್ಲೂ, ಲುಫ್ಥಾನ್ಸಾದಂಥ ಪಾಲುದಾರ ಕಂಪನಿ ಕೊಟ್ಟ ಟಿಕೆಟ್ ಆದರೆ, ಹಾರಿದ ದೂರಕ್ಕೆ ಸಿಗುವ ಮೈಲಿಯನ್ನು 5ರಿಂದ, ಇತರ ಕೆಲವು ಕಂಪನಿಗಳದಾದರೆ 6ರಿಂದ ಭಾಗಿಸಿ ಅರ್ಹತಾ ಪಾಯಿಂಟ್ ಕೊಡುತ್ತಾರೆ. ಅದಕ್ಕೂ ಗರಿಷ್ಠ ಮಿತಿ ಇದೆ. ಬೆಂಗಳೂರಿನಿಂದ ಅಗ್ಗದ ಟಿಕೆಟ್‌ನಲ್ಲಿ ದೂರ ಹೋಗುವವರಿಗೆ ಕೊಂಚ ನ್ಯಾಯ ಸಿಗುವುದು ಈ ಸಂದಿಯಲ್ಲೇ, ಹಾಗಾಗಿ ಟಿಕೆಟ್ ಯಾವ ಕಂಪನಿಯ ಹೆಸರಿನಲ್ಲಿ ಕೊಟ್ಟಿದ್ದಾರೆಂದು ನೋಡಿ ಕೊಳ್ಳುವುದು ಒಳ್ಳೆಯದು. ಅಲಾಸ್ಕಾ ಏರ್‌ಲೈನ್ಸ್ ಹವಾಯಿಯನ್ ಜೊತೆ ಸೇರಿ 2025ರ ಆಗಸ್ಟ್‌ನಲ್ಲಿ ತಂದ ಯೋಜನೆ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ದೂರ, ಖರ್ಚು, ಹಾರಾಟದ ಸಂಖ್ಯೆ ಈ ಮೂರರಲ್ಲಿ ತಮಗೆ ಯಾವುದು ಬೇಕೆಂದು 2026ರಿಂದ ಪ್ರಯಾಣಿಕರೇ ಆರಿಸಿಕೊಳ್ಳಲು ಬಿಟ್ಟಿದೆ.