ಬೆಕ್ಕು ಮತ್ತು ಕೆಫೀನ್: ತೂಕ ಹಾಕಿ ಓದಬೇಕಾದ ಪಾಠ

ಈ ಪಾಠ ಮೊದಲ ಸಲ ಓದಿದಾಗ ನನ್ನ ನೋಟ್ ಪುಸ್ತಕದಲ್ಲಿ ಒಂದೇ ಸಾಲು ಬರೆದುಕೊಂಡಿದ್ದೆ: "ಬೆಕ್ಕಿಗೆ ಕಾಫಿ ವಿಷ." ಪರೀಕ್ಷೆಗೆ ಅಷ್ಟು ಸಾಕು ಅಂದುಕೊಂಡೆ. ಆಮೇಲೆ ಪರಿಚಯದವರೊಬ್ಬರು ಗಾಬರಿಯಿಂದ ಕೇಳಿದರು, "ಬೆಕ್ಕು ಕಾಫಿ ಲೋಟಕ್ಕೆ ಮೂತಿ ಹಾಕಿ ಹತ್ತು ಸಲ ನೆಕ್ಕಿತು, ಈಗೇನು ಮಾಡಲಿ?" ನನ್ನ ಒಂದು ಸಾಲು ಅವರ ಉಪಯೋಗಕ್ಕೆ ಬರಲಿಲ್ಲ. ವಿಷ ಅಂತ ಬರೆದುಕೊಂಡಿದ್ದೆ, ಎಷ್ಟು ವಿಷ ಅಂತ ಬರೆದುಕೊಂಡಿರಲಿಲ್ಲ. ಆ "ಎಷ್ಟು" ಎಂಬುದನ್ನು ಹಿಡಿದುಕೊಂಡೇ ಈ ಟಿಪ್ಪಣಿ ಬರೆಯುತ್ತಿದ್ದೇನೆ.

ಒಳಗೆ ಹೋದ ಮೇಲೆ ಏನು ಮಾಡುತ್ತದೆ

ಕೆಫೀನ್ ಮೀಥೈಲ್‌ಜ್ಯಾಂಥೀನ್ ಎಂಬ ಗುಂಪಿಗೆ ಸೇರಿದ್ದು. ಚಾಕೊಲೇಟಿನಲ್ಲಿರುವ ಥಿಯೋಬ್ರೊಮಿನ್, ಉಬ್ಬಸಕ್ಕೆ ಕೊಡುವ ಥಿಯೋಫಿಲಿನ್ ಇದರ ಒಡಹುಟ್ಟಿದವು. ಮೂರಕ್ಕೂ ಹತ್ತಿರಹತ್ತಿರ ಒಂದೇ ಸ್ವಭಾವ. ಒಂದು ಬೆಕ್ಕಿನ ಹೊಟ್ಟೆಗೆ ಎರಡು ಸೇರಿದರೆ ಎರಡನ್ನೂ ಕೂಡಿಸಿಯೇ ಲೆಕ್ಕ ಹಾಕಬೇಕು.

ಎಚ್ಚರವಾಗಿದ್ದಷ್ಟು ಹೊತ್ತು ಮಿದುಳಿನಲ್ಲಿ ಅಡೆನೊಸಿನ್ ಎಂಬ ವಸ್ತು ಸೇರುತ್ತಾ ಹೋಗುತ್ತದೆ. ಅದು ತನ್ನ ಜಾಗದಲ್ಲಿ ಹೋಗಿ ಕೂತಾಗ "ಸಾಕು, ನಿಧಾನ ಮಾಡು" ಎಂಬ ಸಂದೇಶ ಹೋಗುತ್ತದೆ. ಕೆಫೀನ್ ಮಾಡುವುದಿಷ್ಟೇ, ಸೀಟಿಗೆ ಟವೆಲ್ ಹಾಕಿಟ್ಟ ಹಾಗೆ ಆ ಜಾಗ ಹಿಡಿದುಬಿಡುತ್ತದೆ. ಅಡೆನೊಸಿನ್ ಬಂದರೂ ಕೂರಲು ಜಾಗವಿಲ್ಲ. ನಿಧಾನ ಮಾಡು ಎನ್ನುವವರೇ ಇಲ್ಲದ ಮೇಲೆ ಹೃದಯ ಓಡುತ್ತದೆ, ನರಗಳು ಕೆರಳುತ್ತವೆ.

ಪ್ರಮಾಣ ಜಾಸ್ತಿಯಾದರೆ ಇನ್ನೂ ಎರಡು ಕೆಲಸ ಶುರುವಾಗುತ್ತವೆ. ಜೀವಕೋಶದೊಳಗೆ ಸಂದೇಶ ಒಯ್ಯುವ ಸೈಕ್ಲಿಕ್ ಎಎಂಪಿ ಎಂಬ ವಸ್ತು ಒಡೆದುಹೋಗುವುದನ್ನು ಕೆಫೀನ್ ತಡೆಯುತ್ತದೆ. ಮಾಂಸಖಂಡದೊಳಗೆ ಕೂಡಿಟ್ಟ ಕ್ಯಾಲ್ಸಿಯಂ ಹೊರಬರುತ್ತದೆ. ನಡುಕ, ಬಿಗಿತ, ಮೈ ಬಿಸಿಯಾಗುವುದು ಬಹುಪಾಲು ಇಲ್ಲಿಂದಲೇ. ಇದನ್ನು ನೆನಪಿಟ್ಟುಕೊಂಡರೆ ಲಕ್ಷಣಗಳ ಪಟ್ಟಿ ಬಾಯಿಪಾಠ ಮಾಡುವ ಅಗತ್ಯ ಬೀಳುವುದಿಲ್ಲ.

ಕೆಫೀನ್ ಸಿಕ್ಕ ಕತೆಯಲ್ಲೂ ಒಂದು ಬೆಕ್ಕಿದೆ. 1819ರಲ್ಲಿ ರುಂಗೆ ಎಂಬ ಜರ್ಮನ್ ರಸಾಯನಶಾಸ್ತ್ರಜ್ಞ ಬೆಲ್ಲಡೋನಾ ಗಿಡದ ರಸದಿಂದ ಕಣ್ಣಿನ ಪಾಪೆ ಹಿಗ್ಗುವುದನ್ನು ಕವಿ ಗಯಟೆಗೆ ಬೆಕ್ಕಿನ ಕಣ್ಣಿನಲ್ಲೇ ತೋರಿಸಿದ. ಮೆಚ್ಚಿದ ಗಯಟೆ ಒಂದಿಷ್ಟು ಕಾಫಿ ಬೀಜ ಕೊಟ್ಟು ಇದನ್ನೂ ನೋಡು ಅಂದ. ರುಂಗೆ ಅದರಿಂದಲೇ ಕೆಫೀನ್ ಬೇರ್ಪಡಿಸಿದ. ಪರೀಕ್ಷೆಯಲ್ಲಿ ಇದನ್ನು ಯಾರೂ ಕೇಳುವುದಿಲ್ಲ, ಆದರೆ ನನಗೆ ಇಸವಿ ನೆನಪಿರುವುದು ಆ ಬೆಕ್ಕಿನಿಂದ.

ಲೆಕ್ಕ

ಇಡೀ ಪಾಠದ ಜೀವ ಇರುವುದು ಇಲ್ಲಿ. ವಿಷದ ಪ್ರಮಾಣವನ್ನು ಯಾವಾಗಲೂ ಒಂದು ಕೆ.ಜಿ. ದೇಹತೂಕಕ್ಕೆ ಇಷ್ಟು ಮಿಲಿಗ್ರಾಂ ಎಂದು ಹೇಳುತ್ತಾರೆ. ಈ ಗುಂಪಿನ ವಸ್ತುಗಳಿಗೆ ಪಶುವೈದ್ಯರು ಬಳಸುವ ಮೆಟ್ಟಿಲು ಸ್ಥೂಲವಾಗಿ ಹೀಗಿದೆ. ಕೆ.ಜಿ.ಗೆ 20 ಮಿ.ಗ್ರಾಂ ಆಸುಪಾಸಿನಲ್ಲಿ ವಾಂತಿ, ಚಡಪಡಿಕೆ. 40ರಿಂದ 50ಕ್ಕೆ ಹೃದಯದ ಬಡಿತ ಕೆಡುತ್ತದೆ. 60 ದಾಟಿದರೆ ಫಿಟ್ಸ್. ಇದು ಮುಖ್ಯವಾಗಿ ನಾಯಿಗಳಿಂದ ಬಂದ ಮೆಟ್ಟಿಲು, ಬೆಕ್ಕಿಗೂ ಅದನ್ನೇ ಹಿಡಿದು ನೋಡುತ್ತಾರೆ. ಬೆಕ್ಕುಗಳಲ್ಲಿ ಅರ್ಧದಷ್ಟು ಸಾಯುವ ಪ್ರಮಾಣ ಎಂದು ಪುಸ್ತಕಗಳು ಕೊಡುವುದು ಕೆ.ಜಿ.ಗೆ 80ರಿಂದ 150 ಮಿ.ಗ್ರಾಂ. ಅರ್ಧದಷ್ಟು ಅಂದರೆ ಅದಕ್ಕಿಂತ ಕಡಿಮೆಗೇ ಸಾಯುವವೂ ಇವೆ ಎಂದರ್ಥ. ಇದನ್ನು "80ರವರೆಗೆ ಪರವಾಗಿಲ್ಲ" ಎಂದು ಓದಿಕೊಳ್ಳುವವರಿದ್ದಾರೆ, ದಯವಿಟ್ಟು ಹಾಗೆ ಓದಬೇಡಿ.

ಈಗ 4 ಕೆ.ಜಿ. ಬೆಕ್ಕನ್ನು ಎದುರಿಗೆ ಕೂರಿಸಿಕೊಳ್ಳೋಣ. ಮೊದಲ ಮೆಟ್ಟಿಲು 80 ಮಿ.ಗ್ರಾಂ. ಎರಡನೆಯದು 160ರಿಂದ 200. ಮೂರನೆಯದು 240.

240 ಮಿ.ಲೀ. ಕಪ್ಪು ಕಾಫಿಯಲ್ಲಿ ಸುಮಾರು 95 ಮಿ.ಗ್ರಾಂ ಕೆಫೀನ್ ಇರುತ್ತದೆ, ಅಂದರೆ ಒಂದು ಮಿ.ಲೀ.ಗೆ 0.4. ಬೆಕ್ಕಿನ ನಾಲಿಗೆ ಒಂದು ಸಲಕ್ಕೆ ಎತ್ತುವುದು ಸುಮಾರು 0.1 ಮಿ.ಲೀ. ಹತ್ತು ಸಲ ನೆಕ್ಕಿದರೆ ಒಂದು ಮಿ.ಲೀ., ಕೆಫೀನ್ ಅರ್ಧ ಮಿ.ಗ್ರಾಂ ಕೂಡ ಇಲ್ಲ. 80 ಮುಟ್ಟಬೇಕಾದರೆ 200 ಮಿ.ಲೀ. ಕುಡಿಯಬೇಕು, ಎರಡು ಸಾವಿರ ಸಲ ನೆಕ್ಕಬೇಕು. ಲೋಟಕ್ಕೆ ಮೂತಿ ಹಾಕಿದ ಆ ಬೆಕ್ಕಿಗೆ ಹಾಲಿನಿಂದ ಭೇದಿ ಆಗಬಹುದಿತ್ತು ಅಷ್ಟೇ. ಬೆಳೆದ ಬೆಕ್ಕುಗಳಲ್ಲಿ ಬಹಳಷ್ಟಕ್ಕೆ ಹಾಲಿನ ಸಕ್ಕರೆ ಅರಗುವುದಿಲ್ಲ.

ಹಾಗಾದರೆ ಭಯ ಯಾವುದಕ್ಕೆ? ಪುಡಿಗೆ ಮತ್ತು ಗುಳಿಗೆಗೆ. ಒಂದು ಚಮಚ ಇನ್‌ಸ್ಟಂಟ್ ಕಾಫಿ ಪುಡಿ ಎರಡು ಗ್ರಾಂ ತೂಗುತ್ತದೆ, ಅದರಲ್ಲಿ ಸುಮಾರು 60 ಮಿ.ಗ್ರಾಂ ಕೆಫೀನ್. ಎರಡು ಚಮಚ ಹೊಟ್ಟೆಗೆ ಹೋದರೆ ಕೆ.ಜಿ.ಗೆ 30 ಆಯಿತು. ನಿದ್ದೆ ಬರದಿರಲಿ ಎಂದು ನುಂಗುವ ಕೆಫೀನ್ ಗುಳಿಗೆಯಲ್ಲಿ 100 ಅಥವಾ 200 ಮಿ.ಗ್ರಾಂ ಇರುತ್ತದೆ. 200ರದ್ದು ಒಂದೇ ಒಂದು ಸಾಕು, ಬೆಕ್ಕು ನೇರ 50ರ ಮೆಟ್ಟಿಲಿಗೆ ಏರುತ್ತದೆ. ಲೀಟರುಗಟ್ಟಲೆ ಕುಡಿಯುವ ಮಾತೇ ಇಲ್ಲ, ಒಂದು ಗುಳಿಗೆ.

ಇನ್ನು ಮರಿ. 800 ಗ್ರಾಂ ಮರಿಗೆ ಮೊದಲ ಮೆಟ್ಟಿಲು ಬರೀ 16 ಮಿ.ಗ್ರಾಂ. ಅರ್ಧ ಚಮಚ ಇನ್‌ಸ್ಟಂಟ್ ಪುಡಿಯಲ್ಲಿ 30 ಇರುತ್ತದೆ. ಭಾಗಿಸಿ ನೋಡಿ, ಕೆ.ಜಿ.ಗೆ 37 ದಾಟುತ್ತದೆ.

ಉಳಿದವನ್ನು ಒಂದೇ ಉಸಿರಿಗೆ ಹೇಳಿಬಿಡುತ್ತೇನೆ. ಒಂದು ಕಪ್ ಕಪ್ಪು ಚಹಾದಲ್ಲಿ 47ರ ಹತ್ತಿರ, 355 ಮಿ.ಲೀ. ಕೋಲಾದಲ್ಲಿ 34, 250 ಮಿ.ಲೀ. ಎನರ್ಜಿ ಡ್ರಿಂಕಿನಲ್ಲಿ 80. ಡಿಕಾಫ್ (ಕೆಫೀನ್ ತೆಗೆದ ಕಾಫಿ) ಎಂದರೆ ಸೊನ್ನೆಯಲ್ಲ, ಕಪ್ಪಿಗೆ 2ರಿಂದ 15. ಅರೇಬಿಕಾ ಬೀಜದ ತೂಕದಲ್ಲಿ ಶೇ 1.2ರಷ್ಟು ಕೆಫೀನ್, ರೊಬಸ್ಟಾದಲ್ಲಿ ಸುಮಾರು ಶೇ 2.2. ಸೋಸಿದ ಮೇಲೆ ಉಳಿದ ಚರಟದಲ್ಲಿ, ಬಳಸಿ ಎಸೆದ ಟೀ ಬ್ಯಾಗಿನಲ್ಲಿ ಕೆಫೀನ್ ಪೂರ್ತಿ ಹೋಗಿರುವುದಿಲ್ಲ. ಕಸದ ಬುಟ್ಟಿಗೆ ಮುಚ್ಚಳ ಬೇಕು ಅನ್ನುವುದು ಇದಕ್ಕೇ.

ಕಹಿಯನ್ನು ಬೆಕ್ಕು ಯಾಕೆ ತಿನ್ನುತ್ತದೆ

"ಕಹಿ ಇದೆ, ಮುಟ್ಟುವುದಿಲ್ಲ ಬಿಡಿ" ಎನ್ನುವ ಮಾತು ಅರ್ಧ ನಿಜ. ಬೆಕ್ಕಿಗೆ ಕಹಿ ಗೊತ್ತಾಗುತ್ತದೆ. ಗೊತ್ತಾಗದಿರುವುದು ಸಿಹಿ. ಸಿಹಿ ಹಿಡಿಯುವ ಗ್ರಾಹಕಕ್ಕೆ ಬೇಕಾದ ಜೀನ್ ಬೆಕ್ಕಿನಲ್ಲಿ ಕೆಲಸ ಮಾಡುವುದಿಲ್ಲ ಎಂದು 2005ರಲ್ಲಿ ವಿಜ್ಞಾನಿಗಳು ತೋರಿಸಿದರು. ಹಾಗಾಗಿ ನಾಯಿಯಂತೆ ಚಾಕೊಲೇಟ್ ಡಬ್ಬಿ ಖಾಲಿ ಮಾಡುವ ಬೆಕ್ಕು ಅಪರೂಪ. ಕೆನೆ ಇದ್ದರೆ ಮಾತ್ರ ಮೂತಿ ಹಾಕುತ್ತದೆ.

ಆದರೆ ಬೆಕ್ಕಿನ ಬಾಯಿಗೆ ಎಲ್ಲವೂ ತಿನ್ನುವ ಆಸೆಯಿಂದ ಹೋಗುವುದಿಲ್ಲ. ಒಂದು ದೃಶ್ಯ ಹೇಳುತ್ತೇನೆ, ಬೆಕ್ಕು ಸಾಕಿದವರಿಗೆಲ್ಲ ಪರಿಚಯವಿರುವುದೇ. ಕಟ್ಟೆಯ ಮೇಲೆ ಕಾಫಿ ಪುಡಿ ಚೆಲ್ಲಿದೆ. ಬೆಕ್ಕು ಅದರ ಮೇಲೆ ನಡೆದು ಹೋಗುತ್ತದೆ. ಅಂಗಾಲು ಒದ್ದೆ ಇತ್ತು, ಪುಡಿ ಕರಗಿ ಬೆರಳ ಸಂದಿಯಲ್ಲಿ ಅಂಟು ಅಂಟಾಗಿ ಕೂತಿತು. ಐದು ನಿಮಿಷದಲ್ಲಿ ಬೆಕ್ಕು ಮೂಲೆಗೆ ಹೋಗಿ ಕೂತು, ಬೆರಳು ಅಗಲಿಸಿ, ಒಂದೊಂದು ಸಂದಿಯನ್ನೂ ಹಲ್ಲಿನಿಂದ ಕೆರೆದು ನೆಕ್ಕುತ್ತದೆ. ರುಚಿಗಲ್ಲ, ಶುಚಿಗೆ. ಹಾಗೆ ಏನಾದರೂ ಮೈಗೆ ಮೆತ್ತಿಕೊಂಡರೆ ಅದು ನೆಕ್ಕುವ ಮೊದಲೇ ಉಗುರುಬೆಚ್ಚಗಿನ ನೀರಿನಲ್ಲಿ ತೊಳೆದುಬಿಡಿ. ಗುಳಿಗೆಯದ್ದು ಬೇರೆ ಕತೆ. ನೆಲಕ್ಕೆ ಬಿದ್ದ ದುಂಡನೆಯ ಗುಳಿಗೆ ಬೆಕ್ಕಿಗೆ ಆಟದ ಸಾಮಾನು. ಒದ್ದು, ಅಟ್ಟಿಸಿಕೊಂಡು ಹೋಗಿ, ಕೊನೆಗೆ ಕಚ್ಚಿ ನೋಡುತ್ತದೆ.

ಒಂದು ಅಡ್ಡಮಾತು, ಆದರೆ ಮುಖ್ಯವಾದದ್ದು. ಕೆಲವು ತಲೆನೋವಿನ ಗುಳಿಗೆಗಳಲ್ಲಿ 500 ಮಿ.ಗ್ರಾಂ ಪ್ಯಾರಸಿಟಮಾಲ್ ಜೊತೆ 65 ಮಿ.ಗ್ರಾಂ ಕೆಫೀನ್ ಇರುತ್ತದೆ. ಅಲ್ಲಿ ಕೆಫೀನ್ ಲೆಕ್ಕ ಹಾಕುತ್ತಾ ಕೂರಬೇಡಿ. ಪ್ಯಾರಸಿಟಮಾಲನ್ನು ನಿರಪಾಯ ಮಾಡುವ ದಾರಿ ಬೆಕ್ಕಿನ ಲಿವರ್‌ನಲ್ಲಿ ತೀರಾ ಕಿರಿದು. ಕೆ.ಜಿ.ಗೆ 10 ಮಿ.ಗ್ರಾಂ ಆಸುಪಾಸಿಗೂ ವಿಷವೇರಿದ ಉದಾಹರಣೆಗಳಿವೆ. 4 ಕೆ.ಜಿ. ಬೆಕ್ಕಿಗೆ ಆ ಒಂದು ಗುಳಿಗೆ ಎಂದರೆ ಕೆ.ಜಿ.ಗೆ 125. ಒಸಡು ಕಂದು ಬಣ್ಣಕ್ಕೆ ತಿರುಗಿದರೆ, ಮುಖ ಊದಿದರೆ ಅದು ಪ್ಯಾರಸಿಟಮಾಲಿನ ಗುರುತು, ಕೆಫೀನಿನದ್ದಲ್ಲ. ಅದಕ್ಕೆ ಬೇರೆ ಮದ್ದಿದೆ, ಬೇಗ ಕೊಡಬೇಕು.

ನೋಡುವುದು ಏನನ್ನು

ಅರ್ಧ ಗಂಟೆಯಿಂದ ಎರಡು ಗಂಟೆಯೊಳಗೆ ಗುರುತುಗಳು ಶುರುವಾಗುತ್ತವೆ. ಮೊದಲು ಬೆಕ್ಕು ಒಂದು ಕಡೆ ನಿಲ್ಲುವುದಿಲ್ಲ. ಕೂರುತ್ತದೆ, ಏಳುತ್ತದೆ, ಮತ್ತೆ ಸುತ್ತುತ್ತದೆ. ಸುಮ್ನೆ ಆಟವಾಡುತ್ತಿದೆ ಅಂದುಕೊಂಡು ಸಮಯ ಕಳೆದುಬಿಡುವುದು ಇಲ್ಲೇ. ಆಟವಾಡುವ ಬೆಕ್ಕು ಸ್ವಲ್ಪ ಹೊತ್ತಿಗೆ ಸುಸ್ತಾಗಿ ಮಲಗುತ್ತದೆ, ಇದು ಮಲಗುವುದಿಲ್ಲ. ವಾಂತಿ, ಬಾಯಾರಿಕೆ, ಪದೇ ಪದೇ ಮೂತ್ರ. ಮುಂದೆ ಎದೆಬಡಿತ ಎಣಿಸಲಾರದಷ್ಟು ಜೋರು, ನಡುಕ, ಜ್ವರದಂತೆ ಮೈ ಬಿಸಿ, ಕೊನೆಗೆ ಫಿಟ್ಸ್.

ನಾಯಿ ಬಾಯಿ ತೆರೆದು ಏದುಸಿರು ಬಿಟ್ಟರೆ ಅದು ದಿನನಿತ್ಯದ ಸಂಗತಿ. ಬೆಕ್ಕು ಹಾಗೆ ಮಾಡಿದರೆ ಕಾಯಬಾರದು. ನೆಮ್ಮದಿಯಾಗಿ ಮಲಗಿದ ಬೆಕ್ಕು ನಿಮಿಷಕ್ಕೆ 30ಕ್ಕಿಂತ ಕಡಿಮೆ ಸಲ ಉಸಿರಾಡುತ್ತದೆ. ಪಕ್ಕೆ ಏರಿಳಿಯುವುದನ್ನು ನೋಡಿ 15 ಸೆಕೆಂಡು ಎಣಿಸಿ, ನಾಲ್ಕರಿಂದ ಗುಣಿಸಿ. ಮೈ ಬಿಸಿ 38.1ರಿಂದ 39.2 ಡಿಗ್ರಿ ಸೆಲ್ಸಿಯಸ್ ಒಳಗಿದ್ದರೆ ಸರಿ.

ಮೇಲಿನ ಮೆಟ್ಟಿಲನ್ನೆಲ್ಲ ತಲೆಕೆಳಗು ಮಾಡುವ ಒಂದು ಸಂಗತಿಯಿದೆ. ಬೆಕ್ಕುಗಳಲ್ಲಿ ಅತಿ ಸಾಮಾನ್ಯವಾದ ಹೃದಯದ ಕಾಯಿಲೆ ಎಂದರೆ ಹೃದಯದ ಗೋಡೆ ದಪ್ಪವಾಗುವುದು. ಎಷ್ಟೋ ಸಲ ಹೊರಗೆ ಏನೂ ಕಾಣುವುದಿಲ್ಲ. ಅಂಥ ಬೆಕ್ಕಿನ ಎದೆಬಡಿತ ಓಡತೊಡಗಿದರೆ ಕಡಿಮೆ ಪ್ರಮಾಣವೂ ಅಪಾಯ.

ಚಿಕಿತ್ಸೆ

ಕೆಫೀನಿಗೆ ಇದೇ ಮದ್ದು ಎಂಬ ಪ್ರತಿವಿಷ ಇಲ್ಲ. ಹೊಟ್ಟೆಯಿಂದ ತೆಗೆಯಬೇಕು, ಉಳಿದದ್ದು ಹೊರಹೋಗುವವರೆಗೆ ಬೆಕ್ಕನ್ನು ಕಾಪಾಡಬೇಕು.

ಮನೆಯಲ್ಲಿ ಉಪ್ಪುನೀರು ಅಥವಾ ಹೈಡ್ರೋಜನ್ ಪೆರಾಕ್ಸೈಡ್ ಕುಡಿಸಿ ವಾಂತಿ ಮಾಡಿಸಲು ಹೋಗಬೇಡಿ. ಉಪ್ಪು ತಾನೇ ವಿಷವಾಗಬಲ್ಲದು, ಪೆರಾಕ್ಸೈಡ್ ಬೆಕ್ಕಿನ ಜಠರವನ್ನು ರಕ್ತ ಒಸರುವಷ್ಟು ಸುಡುತ್ತದೆ. ಪಶುವೈದ್ಯರ ಬಳಿ ವಾಂತಿ ಮಾಡಿಸುವ ಇಂಜೆಕ್ಷನ್ ಇರುತ್ತದೆ. ಅದೂ ಬೆಕ್ಕು ಇನ್ನೂ ನಡುಗಲು ಶುರು ಮಾಡದಿದ್ದರೆ ಮಾತ್ರ. ಫೋನಿನಲ್ಲಿ ಅವರಿಗೆ ಬೇಕಾಗುವುದು ಬೆಕ್ಕಿನ ತೂಕ, ತಿಂದದ್ದು ಏನು, ಹೆಚ್ಚೆಂದರೆ ಎಷ್ಟು, ಯಾವಾಗ. ತೂಕ ಗೊತ್ತಿಲ್ಲದಿದ್ದರೆ ಬೆಕ್ಕನ್ನು ಎತ್ತಿಕೊಂಡು ತಕ್ಕಡಿ ಹತ್ತಿ, ಆಮೇಲೆ ನಿಮ್ಮ ತೂಕ ಕಳೆಯಿರಿ. ಗುಳಿಗೆಯ ಹಾಳೆ ಜೊತೆಗೇ ಒಯ್ಯಿರಿ.

ಆಸ್ಪತ್ರೆಯಲ್ಲಿ ಹೊಟ್ಟೆಯಲ್ಲಿನ ವಿಷ ಹಿಡಿದಿಟ್ಟುಕೊಳ್ಳುವ ಇದ್ದಿಲ ಪುಡಿ (ಆಕ್ಟಿವೇಟೆಡ್ ಚಾರ್ಕೋಲ್) ಕೊಡುತ್ತಾರೆ, ಡ್ರಿಪ್ಸ್ ಹಾಕುತ್ತಾರೆ. ನಡುಕಕ್ಕೆ ಡಯಾಜೆಪಾಮ್ ಅಥವಾ ಮೆಥೊಕಾರ್ಬಮಾಲ್, ಓಡುವ ಹೃದಯಕ್ಕೆ ಬೀಟಾ ಬ್ಲಾಕರ್. ನನಗೆ ತುಂಬಾ ಹಿಡಿಸಿದ್ದು ಮೂತ್ರಕೋಶದ ವಿಷಯ. ಮೂತ್ರಕ್ಕೆ ಇಳಿದ ಕೆಫೀನ್ ಮೂತ್ರಕೋಶದ ಗೋಡೆಯ ಮೂಲಕ ಮತ್ತೆ ರಕ್ತಕ್ಕೆ ಸೇರುತ್ತದೆ. ಹೊರಗೆ ಹಾಕಿದ ಅತಿಥಿ ಹಿಂಬಾಗಿಲಿಂದ ಬಂದ ಹಾಗೆ. ಅದಕ್ಕೇ ತೂರುನಳಿಕೆ ಹಾಕಿ ಮೂತ್ರಕೋಶವನ್ನು ಖಾಲಿ ಇಡುತ್ತಾರೆ. "ಹೊಟ್ಟೆಗೆ ಹೋದ ವಿಷಕ್ಕೆ ಮೂತ್ರಕ್ಕೆ ನಳಿಕೆ ಯಾಕೆ" ಎಂದು ಪ್ರಶ್ನೆ ಬಂದರೆ ಉತ್ತರ ಇದು.

ಎರಿತ್ರೊಮೈಸಿನ್ ಎಂಬ ಆಂಟಿಬಯೋಟಿಕ್ ಮತ್ತು ಸ್ಟಿರಾಯ್ಡ್ ಈ ಹೊತ್ತಿನಲ್ಲಿ ಬೇಡ, ಅವು ಕೆಫೀನ್ ಹೊರಹೋಗುವುದನ್ನು ನಿಧಾನ ಮಾಡುತ್ತವೆ. ಉಬ್ಬಸದ ಬೆಕ್ಕಾಗಿದ್ದರೆ ಇನ್ನೂ ಒಂದು ಮಾತು ಕೇಳಿಕೊಳ್ಳಬೇಕು. ಅದು ಮೊದಲೇ ಥಿಯೋಫಿಲಿನ್ ಗುಳಿಗೆ ತೆಗೆದುಕೊಳ್ಳುತ್ತಿರಬಹುದು. ಆಗ ಕೆಫೀನಿನ ಲೆಕ್ಕ ಸೊನ್ನೆಯಿಂದ ಶುರುವಾಗುವುದಿಲ್ಲ, ಬೆಳಗ್ಗೆಯೋ ರಾತ್ರಿಯೋ ಕೊಟ್ಟ ಆ ಗುಳಿಗೆಯ ಮೇಲಿಂದ ಶುರುವಾಗುತ್ತದೆ.